ಪದಚರ್ಚೆ: ಬೋರಾನ್‌ಗೆ ಕನ್ನಡ ಪದ ಯಾವುದು? (ಗೊಬ್ಬರದ ಗೋದಾಮಿನ ಫಲಕಕ್ಕೆ, ತುರ್ತು)

ಸೋಮವಾರಪೇಟೆಯಿಂದ ಪ್ರಶ್ನೆ

ನಮಸ್ಕಾರ. ಕಾಫಿ ಬೆಳೆಗಾರರ ಗೋದಾಮಿನ ಗೋಡೆಗೆ ಫಲಕ. ನಾಳೆ ಸಂಜೆಯೊಳಗೆ ಬರೆಯುವವರ ಕೈಗೆ ಕೊಡಬೇಕು. ಇಂಗ್ಲಿಷ್ ಪ್ರತಿಯಲ್ಲಿ ಮೂರು ಕಲಂ: ಎಲಿಮೆಂಟ್, ಕೊರತೆಯ ಲಕ್ಷಣ, 200 ಲೀಟರ್ ಬ್ಯಾರಲ್‌ಗೆ ಎಷ್ಟು. ಸಾರಜನಕ, ರಂಜಕ, ಗಂಧಕ, ತಾಮ್ರ, ಸತು ಆಯ್ತು. ಬೋರಾನ್ ಹತ್ತಿರ ಕೈ ನಿಂತಿದೆ. ಟಂಕಣ ಅನ್ನಬಹುದೇ, ಬಿಳಿಗಾರ ಅನ್ನಬಹುದೇ? ಮೊದಲ ಕಲಮಿನ ತಲೆಗೆ ಧಾತುವೋ ಮೂಲವಸ್ತುವೋ? ಜಾಗ ಕಡಿಮೆ, ಚಿಕ್ಕ ಪದ ಇದ್ದರೆ ಒಳ್ಳೇದು.

ಮೇಷ್ಟ್ರು, ಮಡಿಕೇರಿ

ಟಂಕಣ, ಬಿಳಿಗಾರ ಎರಡೂ ಬೊರಾಕ್ಸ್. ಅಕ್ಕಸಾಲಿಗರು ಬೆಸುಗೆಗೆ ಬಳಸುವ ಉಪ್ಪು ಅದು, ಬೋರಾನ್ ಅಲ್ಲ. ಅದರಲ್ಲಿ ಸೋಡಿಯಂ ಇದೆ, ಆಮ್ಲಜನಕ ಇದೆ, ಹರಳಿನೊಳಗೆ ನೀರೂ ಇದೆ. ತೂಕದಲ್ಲಿ ಬೋರಾನ್ ಶೇ. 11ರಷ್ಟು ಮಾತ್ರ.

1808ರಲ್ಲಿ ಪ್ಯಾರಿಸ್ಸಿನಲ್ಲಿ ಗೇ-ಲುಸಾಕ್ ಮತ್ತು ತೆನಾರ್, ಲಂಡನ್ನಿನಲ್ಲಿ ಡೇವಿ ಎಂಬ ರಸಾಯನಶಾಸ್ತ್ರಜ್ಞರು ಬೋರಾನನ್ನು ಬೇರ್ಪಡಿಸಿದರು. ಡೇವಿ ಮೊದಲು ಲೋಹ ಅಂದುಕೊಂಡು ಬೊರೇಸಿಯಂ ಎಂದ. ಆಮೇಲೆ ಗುಣದಲ್ಲಿ ಕಾರ್ಬನ್‌ಗೆ ಹತ್ತಿರ ಅಂತ ಕಂಡು ಕಾರ್ಬನ್ನಿನ ಬಾಲ ಅಂಟಿಸಿ ಬೋರಾನ್ ಮಾಡಿದ. ಉಪ್ಪಿಗೊಂದು ಹೆಸರು, ಅದರೊಳಗಿನ ಧಾತುವಿಗೊಂದು ಹೆಸರು ಅಂತ ಅವನೇ ಬೇರೆ ಮಾಡಿಟ್ಟಿರುವಾಗ ನೀವು ಮತ್ತೆ ಕಲಸಬೇಡಿ. ಬೋರಾನ್ ಅಂತಲೇ ಬರೆಯಿರಿ, ಮೂರೇ ಅಕ್ಷರ.

ಗೋಣಿಕೊಪ್ಪ

ಮೇಷ್ಟ್ರೇ, ಕನ್ನಡದಲ್ಲಿ ಪದ ಇಲ್ಲದಿದ್ದರೆ ಸರಿ. ಬಿಳಿಗಾರ ಎಂಬ ಅಚ್ಚಗನ್ನಡ ಪದ ಇರುವಾಗ ಅದರ ಅರ್ಥ ಸ್ವಲ್ಪ ಹಿಗ್ಗಿಸಿದರೆ ಗಂಟೇನು ಹೋಗುತ್ತೆ? ಪಟ್ಟಿಯನ್ನೇ ನೋಡಿ: ಸಾರಜನಕ, ರಂಜಕ, ಗಂಧಕ. ಒಂದಾದರೂ ಕನ್ನಡವೇ? ಜರ್ಮನರು ಆಕ್ಸಿಜನ್‌ಗೆ ತಮ್ಮದೇ ಮಾತಿನಲ್ಲಿ ಜವರ್‌ಸ್ಟೋಫ್ ಅಂತಾರೆ. ನಮಗೇನು ದಾಡಿ?

ಕುಶಾಲನಗರ

ಅಚ್ಚಗನ್ನಡ ಅಂದಿರಲ್ಲ, ಆ 'ಗಾರ' ಎಲ್ಲಿಂದ ಬಂತು ಸ್ವಾಮಿ? ಕ್ಷಾರ, ಖಾರ, ಕಾರ, ಸಮಾಸದಲ್ಲಿ ಗಾರ. ಟಂಕಣಕ್ಷಾರದ ಕ್ಷಾರವೇ ಇದು, ವೇಷ ಬದಲಿಸಿದೆ ಅಷ್ಟೆ.

ಜವರ್‌ಸ್ಟೋಫ್ ಅಂದರೆ ಹುಳಿವಸ್ತು. ಹುಳಿಯೆಲ್ಲ ಈ ಅನಿಲದಿಂದಲೇ ಅಂತ ನಂಬಿ ಫ್ರೆಂಚ್ ವಿಜ್ಞಾನಿ ಲಾವೋಸಿಯೆ ಗ್ರೀಕಿನಲ್ಲಿ ಇಟ್ಟ ಹೆಸರಿನ ತರ್ಜುಮೆ. ನಮ್ಮ ಆಮ್ಲಜನಕವೂ ಅದೇ. 1810ರಲ್ಲಿ ಡೇವಿ ಕ್ಲೋರೀನ್ ಒಂದು ಧಾತು ಅಂತ ತೋರಿಸಿದ ಮೇಲೆ ಹೈಡ್ರೋಕ್ಲೋರಿಕ್ ಆಮ್ಲದಲ್ಲಿ ಆಮ್ಲಜನಕವೇ ಇಲ್ಲ ಅನ್ನೋದು ಖಚಿತವಾಯ್ತು. ತರ್ಜುಮೆ ಮಾಡಿದವರೆಲ್ಲ ತಪ್ಪನ್ನೂ ಸೇರಿಸಿಯೇ ತಂದುಕೊಂಡರು.

ಇನ್ನು ಫಲಕದಲ್ಲಿ ಸತುವಿಗೆ ಜಿಂಕ್ ಸಲ್ಫೇಟ್ ಅಂತ ಬರೆಯಬೇಕಿಲ್ಲ. ತಮಿಳಿನಲ್ಲಿ ಮಯಿಲ್ ತುತ್ತಂ ಅಂದರೆ ತಾಮ್ರದ ಸಲ್ಫೇಟ್, ವೆಳ್ಳೈ ತುತ್ತಂ ಅಂದರೆ ಸತುವಿನದು. ನಮ್ಮಲ್ಲೂ ಮೈಲುತುತ್ತ ಇದ್ದೇ ಇದೆ, ಅದರ ಪಕ್ಕ ಬಿಳಿತುತ್ತ ಬರೆಯಿರಿ. ಸಂಸ್ಕೃತದ ತುತ್ಥದಿಂದಲೇ ಅರಬ್ಬಿಯ ತೂತಿಯಾ, ಅಲ್ಲಿಂದ ಇಂಗ್ಲಿಷಿನ ಟಟ್ಟಿ. ಅದು ಸತುವಿನ ಭಸ್ಮದ ಹೆಸರು. ತುತ್ತನಾಗ ಅಂದರೆ ಸತುವೇ ತಾನೇ?

ವಿರಾಜಪೇಟೆ

ಬಿಳಿತುತ್ತ ಬೇಡವೇ ಬೇಡ. ನಿಘಂಟಿನಲ್ಲಿ ಚೆನ್ನಾಗಿದೆ, ಗೋದಾಮಿನಲ್ಲಿ ಅಪಾಯ. ಬೆಳಗ್ಗೆ ಏಳಕ್ಕೆ ಬ್ಯಾರಲ್ ಕಲಸುವವರಿಗೆ 'ತುತ್ತ ತೊಗೊಂಡು ಬಾ' ಅಂದರೆ ಯಾವುದನ್ನು ತರಬೇಕು? ನಮ್ಮ ಕಡೆ ಮಲಯಾಳಂ ಆಡುವ ಆಳುಗಳು ತಾಮ್ರದ್ದಕ್ಕೆ ತುರಿಶ್ ಅಂತಾರೆ. ಕನ್ನಡದಲ್ಲಿ ಬರೀ ತುತ್ತ ಅಂದರೆ ನೀಲಿ ಹರಳು, ಅಷ್ಟೇ.

ಎರಡರ ಲೆಕ್ಕವೂ ಬೇರೆ. ಶೇ. 1ರ ಬೋರ್ಡೋಗೆ (ಕೊಳೆರೋಗಕ್ಕೆ ಹೊಡೆಯುವ ತುತ್ತ-ಸುಣ್ಣದ ದ್ರಾವಣ) ಬ್ಯಾರಲ್‌ಗೆ 2 ಕಿಲೋ ತುತ್ತ, 2 ಕಿಲೋ ಸುಣ್ಣ. ತುತ್ತವನ್ನು 100 ಲೀಟರ್‌ನಲ್ಲಿ ಪ್ಲಾಸ್ಟಿಕ್ ಡ್ರಮ್ಮಿನಲ್ಲೇ ಕರಗಿಸಬೇಕು. ಕಬ್ಬಿಣದ ಬಕೆಟ್ ಆದರೆ ತಾಮ್ರ ಬಕೆಟ್ಟಿಗೇ ಅಂಟುತ್ತೆ, ಕಬ್ಬಿಣ ಕರಗಿ ನೀರಿಗಿಳಿಯುತ್ತೆ. ಸುಣ್ಣವನ್ನು ಇನ್ನೊಂದು 100 ಲೀಟರ್‌ನಲ್ಲಿ ಕದಡಿ, ಬಟ್ಟೆಯಲ್ಲಿ ಸೋಸಿ, ತುತ್ತದ ನೀರನ್ನು ಸುಣ್ಣದ ನೀರಿಗೆ ನಿಧಾನ ಹೊಯ್ಯುತ್ತಾ ಕಲಕಬೇಕು. ಉಜ್ಜಿದ ಚಾಕು ಒಂದು ನಿಮಿಷ ಅದ್ದಿ ತೆಗೆದಾಗ ಕೆಂಪು ಲೇಪ ಕಂಡರೆ ತಾಮ್ರ ಇನ್ನೂ ಬಿಡಿಯಾಗಿದೆ, ಎಲೆ ಸುಡುತ್ತೆ. ಇನ್ನಷ್ಟು ಸುಣ್ಣದ ನೀರು ಬೇಕು. ಕಲಸಿದ್ದು ಅವತ್ತೇ ಖರ್ಚಾಗಬೇಕು. ಮರುದಿನಕ್ಕೆ ಕಣ ದಪ್ಪವಾಗಿ ತಳಕ್ಕಿಳಿಯುತ್ತೆ, ಎಲೆಗೆ ಹಿಡಿಯಲ್ಲ.

ಸತುವಿನ ಸಲ್ಫೇಟ್ ಆದರೆ ಶೇ. 0.5, ಅಂದರೆ ಬ್ಯಾರಲ್‌ಗೆ 1 ಕಿಲೋ, ಜೊತೆಗೆ ಅರ್ಧ ಕಿಲೋ ಸುಣ್ಣ. ಇದನ್ನು ರಂಜಕದ ಗೊಬ್ಬರವಾದ ಡಿಎಪಿ ಜೊತೆ ಕಲಸಿದರೆ ಸತು ರಂಜಕಕ್ಕೆ ಕಚ್ಚಿಕೊಂಡು ಬಿಳಿ ಗಷ್ಟಾಗಿ ಕೂರುತ್ತೆ, ನಾಜಲ್ ಕಟ್ಟುತ್ತೆ. ಒಂದೇ ತುತ್ತ ಅಂತ ಕರೆದು ಕೈ ತಪ್ಪಿದರೆ ಕೊಳೆರೋಗಕ್ಕೆ ಹೊಡೆದದ್ದು ಸತು ಆಗಿರುತ್ತೆ, ರೋಗ ಇದ್ದ ಹಾಗೇ ಇರುತ್ತೆ.

ಗೋಣಿಕೊಪ್ಪ

ಕಾರ ಎಂದರೆ ತೀಕ್ಷ್ಣ. ದ್ರಾವಿಡ ಮೂಲದ್ದೇ. ತಮಿಳಿನಲ್ಲಿ ವೆಣ್‌ಗಾರಂ ಇದೆಯಲ್ಲ, ಅದೂ ಸಂಸ್ಕೃತವೋ? ಎಲ್ಲವನ್ನೂ ಕ್ಷಾರಕ್ಕೆ ಕಟ್ಟುವ ಚಟ ಬಿಡಿ.

ಕುಶಾಲನಗರ

ವೆಣ್‌ಗಾರಂ ಇದ್ದ ಮಾತ್ರಕ್ಕೆ ಏನೂ ಸಾಬೀತಾಗಲ್ಲ. ತಮಿಳೂ ಸಾಲ ಮಾಡಿದೆ.

ಮೇಷ್ಟ್ರು, ಮಡಿಕೇರಿ

ಗಾರದ ಜಗಳ ಬೇರೆ ಶೀರ್ಷಿಕೆಯಲ್ಲಿ ಆಡಿ. ಕೇಳಿದವರಿಗೆ ನಾಳೆ ಸಂಜೆ ಗಡುವು.

ಅರ್ಥ ಹಿಗ್ಗಿಸಿದರೆ ಗಂಟೇನು ಹೋಗುತ್ತೆ ಅಂದಿರಿ. ಗಿಡವೇ ಹೋಗುತ್ತೆ. ಬೋರಾನ್ ಕೊರತೆಗೂ ವಿಷಕ್ಕೂ ನಡುವೆ ಅಂತರ ಬಹಳ ಕಿರಿದು. ಕಡಿಮೆಯಾದರೆ ಕಾಫಿ ರೆಕ್ಕೆಯ (ಕೊಂಬೆಯ) ತುದಿಮೊಗ್ಗು ಸತ್ತು ಪಕ್ಕದಿಂದ ಬೀಸಣಿಗೆ ಹಾಗೆ ಚಿಗುರು ಒಡೆಯುತ್ತೆ. ಹೆಚ್ಚಾದರೆ ಬಲಿತ ಎಲೆಯ ಅಂಚು ಸುಡುತ್ತೆ. ಬೋರಿಕ್ ಆಮ್ಲದಲ್ಲಿ ಬೋರಾನ್ ಶೇ. 17, ಸಾಲುಬೋರ್ ಎಂಬ ಬೋರಾನ್ ಗೊಬ್ಬರದಲ್ಲಿ 20. ಫಲಕದಲ್ಲಿ 'ಬಿಳಿಗಾರ ಇಷ್ಟು ಗ್ರಾಂ' ಅಂತ ನೀವು ಬೋರಾನ್ ಅರ್ಥದಲ್ಲಿ ಬರೆದು, ಅವರು ಬೊರಾಕ್ಸ್ ಅಂತ ಓದಿಕೊಂಡರೆ ಒಂಬತ್ತರಲ್ಲಿ ಒಂದು ಪಾಲೂ ಗಿಡಕ್ಕೆ ಸಿಗಲ್ಲ. ಬೊರಾಕ್ಸ್ ಲೆಕ್ಕ ಬರೆದು, ಮಳಿಗೆಯವರು ಸಾಲುಬೋರ್ ಕೊಟ್ಟರೆ ಸುಮಾರು ಎರಡು ಪಟ್ಟು ಬೀಳುತ್ತೆ.

ಆದ್ದರಿಂದ ಕಲಂ ಮೂರಲ್ಲ, ನಾಲ್ಕು ಮಾಡಿ. ಮೊದಲನೆಯದರಲ್ಲಿ ಧಾತುವಿನ ಹೆಸರು, ಆಮೇಲೆ ಲಕ್ಷಣ, ಮೂರನೆಯದರಲ್ಲಿ ಚೀಲದ ಮೇಲಿರುವ ಹೆಸರು ಇದ್ದ ಹಾಗೇ, ಪ್ರಮಾಣ ಅದರ ಪಕ್ಕದಲ್ಲಿ. ಅಲ್ಲಿ ಬೊರಾಕ್ಸ್ ಪಕ್ಕ ಬಿಳಿಗಾರ ಬರೆದುಕೊಳ್ಳಿ, ಯಾರೂ ಬೇಡ ಅನ್ನಲ್ಲ. ಮೊದಲ ಕಲಮಿನ ತಲೆಗೆ ಧಾತುವೂ ಬೇಡ, ಮೂಲವಸ್ತುವೂ ಬೇಡ. ಶಾಲೆಯ ಪುಸ್ತಕಕ್ಕೆ ಧಾತು ಸರಿ. ಗೊಬ್ಬರದ ಗೋಡೆಗೆ 'ಪೋಷಕಾಂಶ' ಸಾಕು.

ವಿರಾಜಪೇಟೆ

ಮೇಷ್ಟ್ರ ಮಾತಿಗೆ ಇನ್ನೊಂದು ಸೇರಿಸಿ. ಜಿಂಕ್ ಸಲ್ಫೇಟ್ ಚೀಲದಲ್ಲಿ ಎರಡು ಬಗೆ: ಹರಳಿನಲ್ಲಿ ನೀರು ಹೆಚ್ಚಿರುವ ಹೆಪ್ಟಾಹೈಡ್ರೇಟ್‌ನಲ್ಲಿ ಸತು ಶೇ. 21, ನೀರು ಕಡಿಮೆ ಇರುವ ಮೊನೊಹೈಡ್ರೇಟ್‌ನಲ್ಲಿ 33. ನಾನು ಹೇಳಿದ ಒಂದು ಕಿಲೋ 21ರದ್ದು. 33ರದ್ದಾದರೆ 640 ಗ್ರಾಂ ಸಾಕು. ಫಲಕದಲ್ಲಿ ಶೇಕಡಾವಾರು ಬರೆಯದಿದ್ದರೆ ಗೊಂದಲ ಗ್ಯಾರಂಟಿ.

ಸೋಮವಾರಪೇಟೆಯಿಂದ

ನಾಲ್ಕು ಕಲಂ ಮಾಡುತ್ತೇನೆ. ಬೋರಾನ್ ಹಾಗೇ ಇರಲಿ. ರಂಜಕದ ಸಾಲಿನಲ್ಲೂ ಇದೇ ತೊಂದರೆ ಇದೆಯೇ? ಚೀಲದ ಮೇಲೆ 'ರಂಜಕ' ಅಂತಲೇ ಅಚ್ಚು ಹಾಕಿದ್ದಾರೆ.

ಮೇಷ್ಟ್ರು, ಮಡಿಕೇರಿ

ಇದೆ. ಚೀಲದ ಅಂಕಿ ರಂಜಕದ್ದಲ್ಲ, ಫಾಸ್ಫರಸ್ ಪೆಂಟಾಕ್ಸೈಡಿನದು. ನಿಜವಾದ ರಂಜಕ ಬೇಕಾದರೆ 0.44ರಿಂದ ಗುಣಿಸಬೇಕು. ಪೊಟ್ಯಾಷ್ ಕೂಡ ಹಾಗೇ: ಚೀಲದ 60 ಅಂದರೆ ಪೊಟ್ಯಾಸಿಯಂ ಲೆಕ್ಕದಲ್ಲಿ 50. ಈ ಮೂರರಲ್ಲಿ ಸಾರಜನಕ ಒಂದೇ ಸಾಚಾ. ಯೂರಿಯಾದ 46 ಅಂದರೆ 46. ಶಿಫಾರಸುಗಳೂ ಚೀಲದ ಲೆಕ್ಕದಲ್ಲೇ ಇರೋದರಿಂದ ನೀವು ಪರಿವರ್ತಿಸಲು ಹೋಗಬೇಡಿ. ಮಣ್ಣು ಪರೀಕ್ಷೆಯ ವರದಿಯ ಜೊತೆ ಹೋಲಿಸುವಾಗ ಮಾತ್ರ ಅದು ಯಾವ ಲೆಕ್ಕದ್ದು ಅಂತ ಚೆಟ್ಟಳ್ಳಿಯ ಕಾಫಿ ಉಪಕೇಂದ್ರದಲ್ಲಿ ಕೇಳಿಕೊಳ್ಳಿ.

ಗೋಣಿಕೊಪ್ಪ

ರಂಜಕವೂ ಸಂಸ್ಕೃತವೇ. 1669ರಲ್ಲಿ ಹ್ಯಾಂಬರ್ಗಿನ ಬ್ರಾಂಡ್ ಎಂಬಾತ ಉಚ್ಚೆ ಕುದಿಸಿ ಕುದಿಸಿ ತೆಗೆದದ್ದು, ಕತ್ತಲಲ್ಲಿ ಹೊಳೆದದ್ದು. 'ಹೊಳೆಯ' ಅಂತ ಇಟ್ಟರೆ ಏನು ತಪ್ಪು?

ಕುಶಾಲನಗರ

ಚೀಲದಲ್ಲಿರುವ ರಾಕ್ ಫಾಸ್ಫೇಟ್ ಹೊಳೆಯಲ್ಲ.