ನಿವೃತ್ತಿ ತನಕ ಕಾಯೋದಾ, ಈಗಲೇ ಅಡಿಕೆ ಸಸಿ ನೆಡೋದಾ? ಸಹಾಯ ಬೇಕು

ಎಲ್ಲರಿಗೂ ನಮಸ್ಕಾರ. ಕೆಲಸ ಶಿವಮೊಗ್ಗದಲ್ಲಿ, ಜಮೀನು ತೀರ್ಥಹಳ್ಳಿ ಕಡೆ. ನಿವೃತ್ತಿಗೆ ಇನ್ನೂ ಎರಡು ವರ್ಷ ಇದೆ. "ರಿಟೈರ್ ಆದ್ಮೇಲೆ ತೋಟ" ಅಂತ ಮುಂದೂಡಿದ್ದು ಸಾಕು ಅನ್ನಿಸಿದೆ. ಅಡಿಕೆ ಫಸಲಿಗೆ ಬರೋಕೇ 5ರಿಂದ 7 ವರ್ಷ ಬೇಕು. ಆದರೆ ಫಸಲಿಗಿಂತ ನಂಗೆ ಈಗಿನ ಭಾನುವಾರಗಳು ಮುಖ್ಯ, ಹೊಸ ಸುಳಿ ಬಿಚ್ಚೋದನ್ನ ಬುಡದಲ್ಲಿ ಕೂತು ನೋಡೋ ಭಾನುವಾರಗಳು.

ಲೆಕ್ಕ ಹೀಗಿದೆ: ಅರ್ಧ ಎಕರೆ, 9 ಅಡಿ ಅಂತರ, ಸುಮಾರು 270 ಸಸಿ. ನೆರಳಿಗೆ ಮಧ್ಯೆ ಬಾಳೆ. ಜೇಡಿಮಣ್ಣು, ನೀರು ನಿಲ್ಲುತ್ತೆ, ಹಾಗಾಗಿ ಜೋರು ಮಳೆ ಕಳೆದು ಆಗಸ್ಟ್-ಸೆಪ್ಟೆಂಬರ್‌ನಲ್ಲಿ ನೆಡೋ ಯೋಚನೆ.

ತೊಡಕು ಬೇಸಿಗೆ ನೀರಿಂದು. ನವೆಂಬರ್-ಡಿಸೆಂಬರ್‌ನಲ್ಲಿ 7-8 ದಿನಕ್ಕೊಮ್ಮೆ ಕೊಟ್ಟರೆ ನಡೆಯುತ್ತೆ, ಭಾನುವಾರ ಸಾಕು. ಜನವರಿ-ಫೆಬ್ರವರಿಗೆ 6 ದಿನ, ಹೇಗೋ ಸುಧಾರಿಸಬಹುದು. ಮಾರ್ಚ್‌ನಿಂದ ಮೇ ತನಕ 3ರಿಂದ 5 ದಿನಕ್ಕೊಮ್ಮೆ ಬೇಕೇ ಬೇಕು. ಅಲ್ಲೇ ಸಿಕ್ಕಿಹಾಕಿಕೊಂಡಿದ್ದೀನಿ.

ಜಮೀನಲ್ಲಿರೋ ಬೇರೆ ಗಿಡಗಳ ಹನಿ ನೀರಾವರಿಗೆ ಟೈಮರ್ ಹಾಕಿ ನೋಡಿದ್ದಾಯ್ತು. ಕರೆಂಟ್ ಹೋದರೆ ಹೊತ್ತು ತಪ್ಪುತ್ತೆ, ಕೆರೆ ನೀರಿನ ಪಾಚಿಗೆ ಡ್ರಿಪ್ಪರ್ ಕಟ್ಟಿಕೊಳ್ಳುತ್ತೆ, ವಾರದ ಮಧ್ಯೆ ಫಿಲ್ಟರ್ ತೊಳೆಯೋರು ಇಲ್ಲ. ಬುಡಕ್ಕೆ ದರಗು (ಒಣಗಿದ ಎಲೆ) ದಪ್ಪಗೆ ಹೊದಿಸಿದ್ದು ಉಪಯೋಗ ಆಯ್ತು, ಆದರೆ ಏಪ್ರಿಲ್ ಬಿಸಿಲಿಗೆ ಅದೊಂದೇ ಸಾಲಲ್ಲ.

ವಾರಕ್ಕೊಂದೇ ದಿನ ಹೋಗಿ ಎಳೆ ಸಸಿ ಉಳಿಸಿದವರು ಇದ್ದೀರಾ? ಕರೆಂಟ್ ಇಲ್ಲದೆ, ಎತ್ತರದ ಟ್ಯಾಂಕಿಂದ ನೀರು ತಾನಾಗೇ ಹರಿಯೋ ಹಾಗೆ 270 ಸಸಿಗೆ ಮಾಡಬಹುದಾ? ಅಥವಾ ಈ ವರ್ಷ 50 ಸಸಿ ಮಾತ್ರ ನೆಟ್ಟು ಉಳಿದದ್ದನ್ನ ನಿವೃತ್ತಿಗೆ ಬಿಡೋದು ಸರೀನಾ?