ನೀಳ ಅಲೆಯ ಅನಿಮೇಷನ್: ದಟ್ಟ ಪಟ್ಟಿ ಎರಡಾಗಿ ಒಡೆಯುತ್ತಿದೆ, ಯಾಕೆ?

ಹಗ್ಗದಮೇಷ್ಟ್ರು:
ಎರಡು ದಿನದಿಂದ ತಲೆ ಕೆಟ್ಟಿದೆ. ಸೋಮವಾರ ಒಂಬತ್ತನೇ ಕ್ಲಾಸಿಗೆ ಶಬ್ದದ ಪಾಠ. ಅಡ್ಡ ಅಲೆಯ ಅನಿಮೇಷನ್ ನೀಟಾಗಿ ಓಡುತ್ತಿದೆ. ಅದನ್ನೇ ಕಾಪಿ ಮಾಡಿ, ಚುಕ್ಕೆಗಳನ್ನು ಮೇಲೆ-ಕೆಳಗೆ ಆಡಿಸುವ ಬದಲು ಅಲೆ ಸಾಗುವ ದಿಕ್ಕಿನಲ್ಲೇ ಎಡ-ಬಲಕ್ಕೆ ಆಡಿಸಿ ನೀಳ ಅಲೆ ಮಾಡಿದೆ, ಅಷ್ಟೇ. ಎಲ್ಲ ಕೆಟ್ಟುಹೋಯಿತು. ಚುಕ್ಕೆಗಳು ಒತ್ತಾಗುವ ಕಡೆ ಒಂದು ದಟ್ಟ ಪಟ್ಟಿ ಬರಬೇಕು ಅಲ್ವಾ? ಎರಡು ತೆಳು ಪಟ್ಟಿ ಬರುತ್ತಿವೆ, ನಡುವೆ ಕಲಸುಮೇಲೋಗರ. ಕೋಡ್ ಸರಿಯಾಗಿಯೇ ಇದೆ, ಮೂರು ಸಲ ನೋಡಿದ್ದೇನೆ.

ಪಿಕ್ಸೆಲ್‌ಪುಟ್ಟ:
ಕೋನದ ಅಳತೆಯಲ್ಲಿ ಡಿಗ್ರಿ-ರೇಡಿಯನ್ ಗಲಾಟೆ. ಪಿ5 (ಚಿತ್ರ, ಅನಿಮೇಷನ್ ಮಾಡುವ ಜಾವಾಸ್ಕ್ರಿಪ್ಟ್ ಲೈಬ್ರರಿ) ಸುಮ್ನೆ ಬಿಟ್ಟರೆ ರೇಡಿಯನ್ ಅಂತಲೇ ತಿಳಿಯುತ್ತದೆ, ನೀವು ಡಿಗ್ರಿ ಕೊಟ್ಟಿದ್ದೀರಿ. ನೂರಕ್ಕೆ ನೂರು.

ಹಗ್ಗದಮೇಷ್ಟ್ರು:
ಪಿ5 ಅಂತ ನಾನು ಹೇಳಲೇ ಇಲ್ಲವಲ್ಲ. ಹೌದು, ಪಿ5ನೇ. ರೇಡಿಯನ್ನೇ ಕೊಟ್ಟಿದ್ದೇನೆ. ಅದು ತಪ್ಪಿದ್ದರೆ ಅಡ್ಡ ಅಲೆಯೂ ಕೆಡಬೇಕಿತ್ತು.

ಪಿಕ್ಸೆಲ್‌ಪುಟ್ಟ:
ಆದರೂ ಒಮ್ಮೆ ಪೈನಿಂದ ಗುಣಿಸಿ 180ರಿಂದ ಭಾಗಿಸಿ ನೋಡಿ.

ಹಗ್ಗದಮೇಷ್ಟ್ರು:
ನೋಡಿದೆ. ಈಗ ಅಲೆಯೇ ಇಲ್ಲ. ಚುಕ್ಕೆಗಳೆಲ್ಲ ಕವಾಯತಿಗೆ ನಿಂತ ಹಾಗೆ ಒಟ್ಟಿಗೆ, ಆಮೆ ನಡಿಗೆಯಲ್ಲಿ ಅತ್ತಿತ್ತ ಸರಿಯುತ್ತಿವೆ.

ಸ್ಲಿಂಕಿಸ್ವಾಮಿ:
ಅದಿರಲಿ, ಅಡ್ಡ ಅಲೆಗೆ ಉದಾಹರಣೆ ಏನು ಕೊಡುತ್ತೀರಿ? ಕೆರೆ ನೀರಿನ ಅಲೆ ಅಂತ ಮಾತ್ರ ಹೇಳಬೇಡಿ. ಮೇಲ್ಮೈ ನೀರು ಗುಂಡಗೆ ಸುತ್ತುತ್ತದೆ. ಮೇಲೆ-ಕೆಳಗೂ ಹೌದು, ಹಿಂದೆ-ಮುಂದೂ ಹೌದು.

ಕೆರೆಏರಿ:
ಒಂಬತ್ತನೇ ಕ್ಲಾಸಿಗೆ ಇಷ್ಟೆಲ್ಲ ಯಾಕೆ? ನೀರಿನ ಮೇಲೆ ಬೆಂಡು ಹಾಕಿ. ಅದು ಏರಿಳಿಯುವುದು ಕಂಡರೆ ಸಾಕು.

ಸ್ಲಿಂಕಿಸ್ವಾಮಿ:
ಈಗ ಸುಳ್ಳು ಕಲಿಸಿ ಪಿಯುಸಿಯಲ್ಲಿ ಅಳಿಸಬೇಕಾ? ಭೂಕಂಪದ ಉದಾಹರಣೆ ಕೊಡಿ. ಪಿ ಅಲೆ ನೀಳ, ಎಸ್ ಅಲೆ ಅಡ್ಡ. ಪಿ ಮೊದಲು ಬಂದು ಮುಟ್ಟುತ್ತದೆ. ಎಸ್ ದ್ರವದೊಳಗೆ ಹೋಗುವುದೇ ಇಲ್ಲ. ಭೂಮಿಯ ಹೊರತಿರುಳು ದ್ರವ ಅಂತ ಗೊತ್ತಾಗಿದ್ದೂ ಅದರಿಂದಲೇ.

ಪಿಕ್ಸೆಲ್‌ಪುಟ್ಟ:
ಹಾಗಾದರೆ ಫ್ರೇಮ್ ರೇಟ್. ನನ್ನದು 144 ಹರ್ಟ್ಜ್ ಮಾನಿಟರ್, 32 ಜಿಬಿ ರ‍್ಯಾಮ್. ಹತ್ತು ಸಾವಿರ ಚುಕ್ಕೆ ಬಿಟ್ಟರೂ ತಡವರಿಸುವುದಿಲ್ಲ.

ಹಗ್ಗದಮೇಷ್ಟ್ರು:
ನಿಲ್ಲಿಸಿದರೂ ಎರಡು ಪಟ್ಟಿ ಇದೆ. ನಿಂತ ಚಿತ್ರಕ್ಕೆ ಎಲ್ಲಿಯ ಫ್ರೇಮ್ ರೇಟ್?

ಸೈನ್‌ಸುಬ್ಬಿ:
ಅಲೆಯುದ್ದ ಎಷ್ಟು? ಆಂಪ್ಲಿಟ್ಯೂಡ್, ಅಂದರೆ ಚುಕ್ಕೆ ಮೂಲ ಜಾಗದಿಂದ ಅತಿ ಹೆಚ್ಚು ಸರಿಯುವ ದೂರ, ಎಷ್ಟು? ಯಾರೂ ಕೇಳಲಿಲ್ಲ, ನೀವೂ ಹೇಳಲಿಲ್ಲ.

ಹಗ್ಗದಮೇಷ್ಟ್ರು:
200 ಪಿಕ್ಸೆಲ್, 40 ಪಿಕ್ಸೆಲ್. ಎರಡು ಅನಿಮೇಷನ್‌ಗೂ ಒಂದೇ. ಅದರಲ್ಲೇನಿದೆ?

ಸೈನ್‌ಸುಬ್ಬಿ:
ಅದರಲ್ಲೇ ಇರುವುದು! ಅಡ್ಡ ಅಲೆಯಲ್ಲಿ ಪ್ರತಿ ಚುಕ್ಕೆ ತನ್ನ ಕಂಬವನ್ನೇ ಹತ್ತಿ ಇಳಿಯುತ್ತದೆ. 40 ಇರಲಿ 400 ಇರಲಿ, ಪಕ್ಕದ್ದಕ್ಕೆ ತಾಗುವುದಿಲ್ಲ. ನೀಳ ಅಲೆಯಲ್ಲಿ ಎಲ್ಲವೂ ಒಂದೇ ಗೆರೆಯ ಮೇಲೆ ಓಡಾಡಬೇಕು. ಹಿಂದಿನದು ಮುಂದಿನದನ್ನು ದಾಟಬಾರದು ಅಂದರೆ ಆಂಪ್ಲಿಟ್ಯೂಡ್, ಅಲೆಯುದ್ದವನ್ನು 2 ಪೈನಿಂದ ಭಾಗಿಸಿದರೆ ಬರುವುದಕ್ಕಿಂತ ಕಡಿಮೆ ಇರಬೇಕು. 200ನ್ನು 6.28ರಿಂದ ಭಾಗಿಸಿದರೆ ಸುಮಾರು 32. ನಿಮ್ಮದು 40. ಚುಕ್ಕೆಗಳು ಒಂದನ್ನೊಂದು ದಾಟಿ ಹೋಗಿ ತಿರುಗಿ ಬರುತ್ತಿವೆ. ನಿಮಗೆ ಕಾಣುವ ಎರಡು ಪಟ್ಟಿ ಆ ಗೋಜಲಿನ ಎರಡು ಅಂಚು. 20 ಇಟ್ಟು ನೋಡಿ.

ಹುಡುಗರಿಗೆ ಇದನ್ನೂ ಹೇಳಿ: ನಾವು ತೋರಿಸುವುದು ಬಹಳ ಹಿಗ್ಗಿಸಿದ ಚಿತ್ರ. 440 ಹರ್ಟ್ಜ್ ಸದ್ದಿನ ಅಲೆಯುದ್ದ ಗಾಳಿಯಲ್ಲಿ ಸುಮಾರು 78 ಸೆಂಟಿಮೀಟರ್. ಮಾತಾಡುವಷ್ಟು ಜೋರಿದ್ದರೆ ಗಾಳಿ ಅಲ್ಲಾಡುವುದು ಮಿಲಿಮೀಟರಿನ ಸಾವಿರದಲ್ಲೊಂದು ಪಾಲೂ ಇಲ್ಲ.

ಪಿಕ್ಸೆಲ್‌ಪುಟ್ಟ:
ಪೈ ಬಂತು ನೋಡಿ. ನಾನು ಮೊದಲೇ ಹೇಳಿದ್ದೆ.

ಹಗ್ಗದಮೇಷ್ಟ್ರು:
20ಕ್ಕೆ ಸರಿಹೋಯಿತು, ಒಂದೇ ಪಟ್ಟಿ! ಆದರೆ ಈಗ ಇನ್ನೊಂದು. ಒಂದು ಚುಕ್ಕೆಗೆ ಕೆಂಪು ಬಣ್ಣ ಹಾಕಿದ್ದೇನೆ. ದಟ್ಟ ಪಟ್ಟಿ ಅದರ ಮೇಲೆ ಬಂದಾಗ ಅದು ತನ್ನ ಮೂಲ ಜಾಗದಲ್ಲೇ ಇದೆ. ತುದಿಗೆ ಸರಿದಾಗ ಬರಬೇಕಿತ್ತಲ್ವಾ? ಮತ್ತೆ ಏನೋ ತಪ್ಪಿದೆ.

ಸೈನ್‌ಸುಬ್ಬಿ:
ಏನೂ ತಪ್ಪಿಲ್ಲ, ಮುಟ್ಟಬೇಡಿ. ಎಡಗಡೆಯವು ಬಲಕ್ಕೆ, ಬಲಗಡೆಯವು ಎಡಕ್ಕೆ ಸರಿದಿವೆ. ನಡುವಿನದು ಎಲ್ಲಿ ಹೋದೀತು? ಜಾಗ ಬಿಟ್ಟಿಲ್ಲ ಅಂತ ನಿಂತಿದೆ ಅಂದುಕೊಳ್ಳಬೇಡಿ. ಆ ಗಳಿಗೆಯಲ್ಲೇ ಅದರ ವೇಗ ಎಲ್ಲಕ್ಕಿಂತ ಜಾಸ್ತಿ, ಅದೂ ಅಲೆ ಹೋಗುವ ದಿಕ್ಕಿಗೆ.

ಸ್ಲಿಂಕಿಸ್ವಾಮಿ:
ಇಷ್ಟೆಲ್ಲ ಕೋಡ್ ಯಾಕೆ? ನನ್ನ ಹತ್ತಿರ ಉಕ್ಕಿನ ಸ್ಲಿಂಕಿ (ಉದ್ದಕ್ಕೆ ಎಳೆಯಬಹುದಾದ ಸ್ಪ್ರಿಂಗ್ ಆಟಿಕೆ) ಇದೆ, ಪ್ಲಾಸ್ಟಿಕ್ಕಿನದಲ್ಲ. ಹಜಾರದ ಉದ್ದಕ್ಕೂ ಎಳೆದು ಒಂದು ತುದಿ ತಳ್ಳಿದರೆ ಆಯಿತು.

ಕೆರೆಏರಿ:
ಬೆಂಡಿನ ವಿಷಯ ಇನ್ನೂ ಮುಗಿದಿಲ್ಲ ಸ್ವಾಮಿ.