ಕಿವಿ ಕೇಳದ ಬಾಲಕೃಷ್ಣ ಅವರು ಮಾತಿನ ಸರದಿಯನ್ನು ಹೇಗೆ ಹಿಡಿಯುತ್ತಿದ್ದರು?

ಪ್ರಶ್ನೆ (ಮುಧೋಳದಿಂದ)

ಎಲ್ಲರಿಗೂ ನಮಸ್ಕಾರ. ಮುಧೋಳ ತಾಲ್ಲೂಕಿನ ಒಂದು ಪ್ರೌಢಶಾಲೆಯಲ್ಲಿ ನಾನು ಕನ್ನಡ ಶಿಕ್ಷಕಿ. ನಮ್ಮ ಎಂಟನೆಯ ತರಗತಿಯ ಒಬ್ಬ ಹುಡುಗನಿಗೆ ಕಿವಿ ಬಹಳ ಮಂದ. ಎದುರಿಗೆ ನಿಂತು ಬಾಯಿ ಬಿಡಿಸಿ ಹೇಳಿದರೆ ಮಾತು ತಿಳಿಯುತ್ತದೆ, ಬೆನ್ನ ಹಿಂದಿನಿಂದ ಕರೆದರೆ ತಿಳಿಯುವುದಿಲ್ಲ. ಈ ಸಲದ ಸ್ನೇಹ ಸಮ್ಮೇಳನದ ನಾಟಕದಲ್ಲಿ ತನಗೂ ಪಾತ್ರ ಬೇಕೆಂದು ಅವನು ಹಟ ಹಿಡಿದಿದ್ದಾನೆ. ಎದುರಿನವರ ಮಾತು ಮುಗಿದದ್ದು ಅವನಿಗೆ ಗೊತ್ತಾಗದೆ ನಾಟಕ ನಡುವೆಯೇ ನಿಂತೀತೆಂದು ಉಳಿದ ಮಕ್ಕಳೂ ಕೆಲವು ಸಹೋದ್ಯೋಗಿಗಳೂ ಹಿಂಜರಿಯುತ್ತಿದ್ದಾರೆ. ಹಳೆಯ ಚಿತ್ರಗಳ ಪೋಷಕ ನಟ ಟಿ. ಎನ್. ಬಾಲಕೃಷ್ಣ ಅವರಿಗೂ ಕಿವಿ ಕೇಳುತ್ತಿರಲಿಲ್ಲ ಎಂದು ನಾನು ಹೇಳಿದಾಗ ಆ ಹುಡುಗ, "ಹಂಗಾದ್ರ ಯಾವಾಗ ಮಾತಾಡಬೇಕಂತ ಅವರಿಗೆ ಹೆಂಗ ತಿಳೀತಿತ್ತು, ಅಕ್ಕೋರೆ?" ಎಂದು ಕೇಳಿದ. ಅವನಿಗೆ ಹಾರಿಕೆಯ ಉತ್ತರ ಕೊಡಲು ನನಗೆ ಮನಸ್ಸಿಲ್ಲ. ಬಾಲಕೃಷ್ಣ ಅವರ ಬದುಕನ್ನೂ ಅಭಿನಯವನ್ನೂ ಬಲ್ಲವರು ದಯವಿಟ್ಟು ತಿಳಿಸಬೇಕು. ಅವನಿಗೆ ಮೊದಲು ಯಾವ ಚಿತ್ರ ತೋರಿಸಲಿ ಎಂಬುದನ್ನೂ ಹೇಳಿದರೆ ಉಪಕಾರವಾಗುತ್ತದೆ.

ಉತ್ತರ (ಬೆಳಗಾವಿಯಿಂದ)

ಶಿಕ್ಷಕಿಯವರಿಗೆ ನಮಸ್ಕಾರ. ಬಾಲಕೃಷ್ಣ ಅವರು ಹಾಸನ ಜಿಲ್ಲೆಯ ಅರಸೀಕೆರೆಯವರು. ಎಳೆಯ ವಯಸ್ಸಿನಲ್ಲಿಯೇ ಅವರಿಗೆ ಕಿವಿ ಕೇಳದಾಯಿತು. ಮನೆಯ ಬಡತನ ಎಷ್ಟಿತ್ತೆಂದರೆ ಹೆತ್ತ ತಾಯಿ ಅವರನ್ನು ಎಂಟು ರೂಪಾಯಿಗೆ ಬೇರೊಬ್ಬರಿಗೆ ಒಪ್ಪಿಸಿದರೆಂದು ಹೇಳುವುದುಂಟು. ಅವರ ವಿಷಯ ಬಂದಾಗಲೆಲ್ಲ ಈ ಎಂಟು ರೂಪಾಯಿಯ ಕಥೆ ಮೊದಲು ಬರುತ್ತದೆ, ಅವರ ಅಭಿನಯದ ಮಾತು ಹಿಂದೆ ಬೀಳುತ್ತದೆ. ಹಾಗಾಗಬಾರದೆಂಬುದು ನನ್ನ ಆಸೆ.

ಅವರು ರಂಗಭೂಮಿಯಲ್ಲಿ ಪಳಗಿ ಸಿನಿಮಾಕ್ಕೆ ಬಂದವರು. 1943ರ 'ರಾಧಾ ರಮಣ' ಅವರ ಮೊದಲ ಚಿತ್ರ. ಜಿ. ವಿ. ಅಯ್ಯರ್ ಅವರೂ ಬೆಳ್ಳಿತೆರೆಗೆ ಬಂದದ್ದು ಅದೇ ಚಿತ್ರದಲ್ಲಿ. ಅಲ್ಲಿಂದ ಅರ್ಧ ಶತಮಾನದ ಕಾಲ, 1995ರಲ್ಲಿ ತೀರಿಕೊಳ್ಳುವುದಕ್ಕೆ ಸ್ವಲ್ಪ ಮುಂಚಿನವರೆಗೂ, ಐನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರು. ಸಾಹುಕಾರನ ಕಿವಿಯೂದುವ ಕುತಂತ್ರಿ, ಜಿಪುಣ, ಒಡಹುಟ್ಟಿದವರ ನಡುವೆ ಬೆಂಕಿ ಹಚ್ಚುವ ಬಂಧು, ನಗಿಸುವ ಮುದುಕ, ಮನೆಮಂದಿಗೆಲ್ಲ ಆಸರೆಯಾಗುವ ಹಿರಿಯ: ಇವೆಲ್ಲವನ್ನೂ ಒಂದೇ ಮುಖ ಹೊತ್ತುಕೊಂಡು ಬಂದರೂ ಪ್ರೇಕ್ಷಕರು ಒಂದನ್ನು ಇನ್ನೊಂದೆಂದು ತಿಳಿಯಲಿಲ್ಲ. ನರಸಿಂಹರಾಜು ಅವರು ತೆರೆಯ ಮೇಲೆ ಕಂಡ ಕೂಡಲೇ ನಗು ಬರುತ್ತಿತ್ತು. ಬಾಲಕೃಷ್ಣ ಅವರು ಕಂಡಾಗ ಈ ಮನುಷ್ಯ ಒಳ್ಳೆಯವನೋ ಕೆಟ್ಟವನೋ ಎಂದು ಒಂದು ಗಳಿಗೆ ಕಾಯಬೇಕಾಗುತ್ತಿತ್ತು, ಆ ಕಾಯಿಸುವಿಕೆಯೇ ಅವರ ಶಕ್ತಿ ಎಂದು ನಾನು ತಿಳಿಯುತ್ತೇನೆ.

ಹುಡುಗನಿಗೆ 1972ರ 'ಬಂಗಾರದ ಮನುಷ್ಯ' ತೋರಿಸಿರಿ. ಟಿ. ಕೆ. ರಾಮರಾವ್ ಅವರ ಕಾದಂಬರಿಯನ್ನು ಆಧರಿಸಿ ಸಿದ್ದಲಿಂಗಯ್ಯ ಅವರು ನಿರ್ದೇಶಿಸಿದ ಆ ಚಿತ್ರದಲ್ಲಿ ರಾಜಕುಮಾರ್ ಅವರ ರಾಜೀವನಿಗೆ ಬೆನ್ನಾಗಿ ನಿಲ್ಲುವ ರಾಚೂಟಪ್ಪ ಇವರೇ. ಒಂದು ದೃಶ್ಯವನ್ನು ಮೊದಲು ಧ್ವನಿಯೊಂದಿಗೆ, ಆಮೇಲೆ ಧ್ವನಿ ಪೂರ್ತಿ ನಿಲ್ಲಿಸಿ ನೋಡಲು ಹೇಳಿರಿ. ಎದುರಿನವರು ಮಾತನಾಡುತ್ತಿರುವಾಗ ರಾಚೂಟಪ್ಪನ ಕಣ್ಣು ಆ ಮುಖವನ್ನು ಬಿಟ್ಟು ಕದಲುವುದು ಎಷ್ಟು ಕಡಿಮೆ ಎಂಬುದನ್ನು ಅವನೇ ಕಂಡುಕೊಳ್ಳಲಿ. ಆ ನೋಟದಿಂದಾಗಿಯೇ ರಾಚೂಟಪ್ಪ ರಾಜೀವನ ಕಷ್ಟವನ್ನು ಮನಸ್ಸಿಟ್ಟು ಆಲಿಸುವ ಮನುಷ್ಯನಾಗಿ ಕಾಣುತ್ತಾನೆ.

ಉತ್ತರ (ಗುಳೇದಗುಡ್ಡದಿಂದ)

ಅಕ್ಕೋರೇ, ನಾನು ಕಂಪನಿ ನಾಟಕಗಳಲ್ಲಿ ಬಹುಕಾಲ ಪಾತ್ರ ಮಾಡಿದವನು. ಬನಶಂಕರಿ ಜಾತ್ರೆಯಲ್ಲಿ ಒಂದರ ಪಕ್ಕ ಒಂದು ಕಂಪನಿಯ ಡೇರೆಗಳು ನಿಂತು ರಾತ್ರಿಯೆಲ್ಲ ನಾಟಕ ನಡೆಯುವಾಗ, ಪಕ್ಕದ ಡೇರೆಯ ಹಾಡು, ಧ್ವನಿವರ್ಧಕ, ಜನರ ಸಿಳ್ಳೆ ಇವುಗಳ ನಡುವೆ ಕಿವಿ ಚೆನ್ನಾಗಿರುವ ನಟನಿಗೂ ಎದುರು ಪಾತ್ರದ ಮಾತು ಅರ್ಧ ಕೇಳುವುದಿಲ್ಲ. ಆದ್ದರಿಂದ ನಿಮ್ಮ ಹುಡುಗನ ಪ್ರಶ್ನೆ ನಮ್ಮೆಲ್ಲರ ಪ್ರಶ್ನೆಯೂ ಹೌದು.

ಬಾಲಕೃಷ್ಣ ಅವರು ಸಹನಟರ ತುಟಿಯ ಚಲನೆ ನೋಡಿ ಸರದಿ ಹಿಡಿಯುತ್ತಿದ್ದರೆಂಬುದು ಎಲ್ಲರೂ ಬಲ್ಲ ವಿಷಯ. ರಂಗದ ಮೇಲೆ ತುಟಿಯೊಂದನ್ನೇ ನಂಬಿದರೆ ಸಾಲದು ಎಂಬುದನ್ನು ನಾನು ಅನುಭವದಿಂದ ಸೇರಿಸುತ್ತೇನೆ. ಕಿವಿ ಕೇಳುವ ನಟ ತನ್ನ ಮಾತು ಮತ್ತು ಎದುರಿನವನ ಕೊನೆಯ ಎರಡು ಶಬ್ದ ಕಲಿತು ರಂಗಕ್ಕೆ ಹೋಗಬಹುದು, ಮರೆತರೆ ಸೈಡ್ ವಿಂಗಿನಲ್ಲಿ, ಅಂದರೆ ರಂಗದ ಪಕ್ಕದ ಮರೆಯಲ್ಲಿ, ಪುಸ್ತಕ ಹಿಡಿದು ಕುಳಿತ ಪ್ರಾಂಪ್ಟರ್ ಎತ್ತಿಕೊಡುತ್ತಾನೆ. ಕಿವಿ ಕೇಳದವನಿಗೆ ಆ ಆಸರೆ ಇಲ್ಲವಾದ್ದರಿಂದ, ಎಲ್ಲರ ಮಾತೂ ಅವನಿಗೆ ಬಾಯಿಪಾಠವಾಗಿರಬೇಕು. ಎದುರಿನವನು ಯಾವ ವಾಕ್ಯಕ್ಕೆ ಹೆಜ್ಜೆ ಮುಂದಿಡುತ್ತಾನೆ, ಯಾವುದಕ್ಕೆ ಶಲ್ಯ ಕೊಡವುತ್ತಾನೆ ಎಂಬುದೂ ತಿಳಿದಿರಬೇಕು. ದೊಡ್ಡ ಮಾತು ಮುಗಿಸುವ ನಟ ಕೊನೆಯ ವಾಕ್ಯಕ್ಕೆ ಮುನ್ನ ಉಸಿರು ಎಳೆದುಕೊಳ್ಳುತ್ತಾನೆ, ಆಗ ಅವನ ಭುಜ ಮೇಲೇಳುತ್ತದೆ, ಮಾತು ಮುಗಿದಾಗ ಇಳಿಯುತ್ತದೆ. ಸೂಳೇಭಾವಿಯ ಪಿ. ಬಿ. ಧುತ್ತರಗಿಯವರ 'ಸಂಪತ್ತಿಗೆ ಸವಾಲ್' ನಾಟಕ ಆಡುವಾಗ ನಾವು ಕಲಿತದ್ದೂ ಇದನ್ನೇ. ಮುಂದೆ 1974ರಲ್ಲಿ ಸಿನಿಮಾ ಆದ ಆ ನಾಟಕದಲ್ಲಿ ಮಾತಿಗೆ ಮಾತು ಕೂಡಿ ಬರುವ ಕಡೆ ಶಬ್ದಕ್ಕೆ ಕಾಯುತ್ತ ನಿಂತವನು ತಡವಾಗಿಬಿಡುತ್ತಾನೆ. ಹಲಗೆಯ ರಂಗವಾದರೆ ತಬಲಾದ ಪೆಟ್ಟು ಅಂಗಾಲಿಗೂ ತಾಗುತ್ತದೆ.

ಉತ್ತರ (ವಿಜಯಪುರದಿಂದ)

ಗುಳೇದಗುಡ್ಡದ ಹಿರಿಯರು ರಂಗದ ವಿಚಾರವನ್ನು ಚೆನ್ನಾಗಿ ಬಿಡಿಸಿದ್ದಾರೆ. ಕ್ಯಾಮೆರಾದ ಮುಂದಿನ ಕಷ್ಟ ಬೇರೆ ಬಗೆಯದು. ಅಲ್ಲಿ ಮಾತು ತುಂಡು ತುಂಡಾಗಿ ಬರುವುದರಿಂದ ನೆನಪಿನ ಭಾರ ಕಡಿಮೆ, ಆದರೆ ನಟನೊಬ್ಬನ ಮುಖವನ್ನಷ್ಟೇ ಹತ್ತಿರದಿಂದ ತೆಗೆಯುವಾಗ ಎದುರು ಪಾತ್ರಧಾರಿ ಚೌಕಟ್ಟಿನ ಹೊರಗಿರುತ್ತಾನೆ, ಎಷ್ಟೋ ಸಲ ಸಹಾಯಕನೊಬ್ಬ ಎಲ್ಲಿಯೋ ನಿಂತು ಅವನ ಮಾತನ್ನು ಓದುತ್ತಾನೆ. ತುಟಿ ನೋಡಿ ತಿಳಿಯುವ ನಟನಿಗೆ ಮಾತು ಕೊಡುವವರು ಅವನ ಕಣ್ಣಿಗೆ ಬೀಳುವಂತೆ ನಿಲ್ಲಲೇಬೇಕು. ಬಾಲಕೃಷ್ಣ ಅವರು ಇಷ್ಟು ಚಿತ್ರಗಳಲ್ಲಿ ನಟಿಸಿದರೆಂದರೆ, ಒಂದು ಇಡೀ ಪೀಳಿಗೆಯ ಸಹನಟರೂ ತಂತ್ರಜ್ಞರೂ ಅವರಿಗೆ ಮುಖ ಕೊಟ್ಟು ಮಾತನಾಡುವುದನ್ನು ರೂಢಿ ಮಾಡಿಕೊಂಡಿದ್ದರೆಂದೇ ನಾನು ಅರ್ಥ ಮಾಡಿಕೊಳ್ಳುತ್ತೇನೆ. ನಿಮ್ಮ ಸಹೋದ್ಯೋಗಿಗಳಿಗೆ ಈ ಭಾಗವನ್ನು ಅಗತ್ಯವಾಗಿ ಹೇಳಿರಿ.

ಜೊತೆಗೆ, ಅವರನ್ನು ಕಿವುಡುತನ ಗೆದ್ದ ನಟನೆಂದಷ್ಟೇ ಪರಿಚಯಿಸಿ ನಿಲ್ಲಿಸಬೇಡಿರಿ ಎಂದು ನನ್ನ ವಿನಂತಿ. ಸಿನಿಮಾದ ಕೆಲಸ ಸಾಲದಾದ ಕಾಲದಲ್ಲಿ ರಾಜಕುಮಾರ್, ನರಸಿಂಹರಾಜು, ಜಿ. ವಿ. ಅಯ್ಯರ್ ಅವರೊಂದಿಗೆ ಸೇರಿ ಕಲಾವಿದರ ಸಂಘ ಕಟ್ಟಿ, ಊರೂರಿಗೆ ಹೋಗಿ ನಾಟಕವಾಡಿದವರಲ್ಲಿ ಅವರೂ ಒಬ್ಬರು. 1960ರ 'ರಣಧೀರ ಕಂಠೀರವ' ಚಿತ್ರ ಆ ನಾಲ್ವರ ಒಗ್ಗಟ್ಟಿನಿಂದ ಬಂದದ್ದು. ಕನ್ನಡ ಚಿತ್ರಗಳು ಬಹುಪಾಲು ಮದ್ರಾಸಿನ ಸ್ಟುಡಿಯೋಗಳಲ್ಲಿಯೇ ತಯಾರಾಗುತ್ತಿದ್ದ ಆ ದಿನಗಳಲ್ಲಿ, ನಮ್ಮ ನೆಲದಲ್ಲಿಯೇ ಚಿತ್ರೀಕರಣ ನಡೆಯಲೆಂದು ಸರ್ಕಾರದಿಂದ ಜಮೀನು ಪಡೆದು ಬೆಂಗಳೂರಿನ ಕೆಂಗೇರಿ ಬಳಿ ಅಭಿಮಾನ್ ಸ್ಟುಡಿಯೋ ಆರಂಭಿಸಿದರು. ನಾಯಕನಟನಿಗೂ ಎದೆ ನಡುಗಿಸುವ ಸಾಹಸವನ್ನು ಪೋಷಕ ನಟನೊಬ್ಬರು ಕೈಗೆತ್ತಿಕೊಂಡದ್ದು ಅದು. ಅದರ ಹಣಕಾಸಿನ ಹೊರೆ ಕೊನೆಯವರೆಗೂ ಅವರ ಬೆನ್ನು ಬಿಡಲಿಲ್ಲ. 2009ರ ಡಿಸೆಂಬರಿನಲ್ಲಿ ವಿಷ್ಣುವರ್ಧನ್ ಅವರ ಅಂತ್ಯಸಂಸ್ಕಾರ ಅಲ್ಲಿ ನಡೆದ ಮೇಲೆ ಆ ಹೆಸರು ಎಲ್ಲರಿಗೂ ಗೊತ್ತಾಯಿತಾದರೂ, ಅದನ್ನು ಕಟ್ಟಿದವರು ಯಾರೆಂದು ಕೇಳಿದರೆ ಹೇಳುವವರು ಇಂದು ಕಡಿಮೆ.

ಪ್ರಶ್ನೆ ಕೇಳಿದವರಿಂದ

ಮೂವರಿಗೂ ಅನಂತ ವಂದನೆಗಳು. ರಾಚೂಟಪ್ಪನ ದೃಶ್ಯವನ್ನು ಧ್ವನಿ ಇಲ್ಲದೆ ತೋರಿಸಿದೆ. ಯಾರ ಮಾತು ಎಲ್ಲಿ ಮುಗಿಯಿತೆಂದು ಅವನು ಬೆರಳೆತ್ತಿ ತೋರಿಸುತ್ತ ಹೋದ, ಜೊತೆಯಲ್ಲಿ ಕುಳಿತಿದ್ದ ಮಕ್ಕಳಿಗಿಂತ ಬೇಗ ಹೇಳಿದ. ಈಗ ಅವನಿಗೆ ಊರಗೌಡನ ಪಾತ್ರ ಕೊಟ್ಟಿದ್ದೇವೆ. ಗುಳೇದಗುಡ್ಡದ ಹಿರಿಯರಲ್ಲಿ ಇನ್ನೊಂದು ಪ್ರಶ್ನೆ: ನಾಟಕದಲ್ಲಿ ಒಂದು ಕಡೆ ಆಳುಮಗನು ಗೌಡನ ಹಿಂದಿನಿಂದ ಓಡಿ ಬಂದು ಸುದ್ದಿ ಹೇಳುತ್ತಾನೆ. ಅಲ್ಲಿ ಏನು ಮಾಡಬೇಕು?

ಉತ್ತರ (ಗುಳೇದಗುಡ್ಡದಿಂದ)

ಅಕ್ಕೋರೇ, ಆಳುಮಗನ ಪ್ರವೇಶವನ್ನು ಗೌಡನ ಎದುರಿನ ವಿಂಗಿಗೆ ಬದಲಿಸಿರಿ. ಅದು ಆಗದಿದ್ದರೆ, ಆ ಹೊತ್ತಿಗೆ ಗೌಡನ ಎದುರು ನಿಂತಿರುವ ಪಾತ್ರ ಮೊದಲು ಆಳುಮಗನನ್ನು ಕಂಡು ಗಾಬರಿಯಾಗಲಿ, ಆ ಮುಖ ನೋಡಿ ಗೌಡ ಹಿಂತಿರುಗಲಿ. ಆಳುಮಗ ತನ್ನ ಮೊದಲ ಮಾತನ್ನು ಗೌಡ ತಿರುಗಿದ ಮೇಲೆಯೇ ಆಡಬೇಕೆಂದು ತಾಲೀಮಿನಲ್ಲಿ ಖಡಾಖಂಡಿತವಾಗಿ ಹೇಳಿಡಿರಿ. ಗೌಡನ ಮುಖದ ಮೇಲೆ ಬೆಳಕು ಬಿಟ್ಟು ಎದುರಿನವರ ಮುಖ ಕತ್ತಲಲ್ಲಿಟ್ಟರೆ ಅವನಿಗೆ ತುಟಿ ಕಾಣುವುದಿಲ್ಲ, ಆದ್ದರಿಂದ ದೀಪದವನನ್ನೂ ಒಂದು ದಿನ ತಾಲೀಮಿಗೆ ಕರೆಸಿರಿ. ಆಳುಮಗನ ಪಾತ್ರದ ಹುಡುಗನಿಗೆ ದೊಡ್ಡ ಮೀಸೆ ಹಚ್ಚಬೇಡಿರಿ.